ಅಂಶುಬೋಧಿನಿ: ಪೂರ್ವಪಕ್ಷದಲ್ಲಿ ಕಾಣದ ಶಾಸ್ತ್ರ

ಭರದ್ವಾಜ ಮಹರ್ಷಿಪ್ರಣೀತವೆಂದು ಹೇಳಲಾಗುವ ‘ಅಂಶುಬೋಧಿನಿ’ ಎಂಬ ಸಂಸ್ಕೃತ ಗ್ರಂಥದ ಹೆಸರು ಪ್ರಾಚೀನ ಭಾರತೀಯ ವಿಜ್ಞಾನವನ್ನು ಕುರಿತ ಬರಹಗಳಲ್ಲಿ ಪದೇ ಪದೇ ಕೇಳಿಬರುತ್ತದೆ. ಅಂಶುವೆಂದರೆ ಕಿರಣ, ಕಿರಣಗಳ ಸ್ವರೂಪವನ್ನು ಬೋಧಿಸತಕ್ಕದ್ದು ಅಂಶುಬೋಧಿನಿ. ಬೆಳಕಿನ ಭೇದಗಳು, ಅವುಗಳಲ್ಲಿ ಅಡಗಿರುವ ಶಕ್ತಿಗಳು, ಅವುಗಳನ್ನು ಅಳೆಯುವ ಯಂತ್ರಗಳು ಇದರ ವಿಷಯವೆಂದು ಇದನ್ನು ಪುರಸ್ಕರಿಸುವವರು ಹೇಳುತ್ತಾರೆ. ಇದಕ್ಕೆ ಬೋಧಾನಂದನೆಂಬ ಯತಿಯ ವೃತ್ತಿಯೂ ಉಂಟೆಂಬುದು ಅವರ ಮಾತು. ಇಂತಹ ಗ್ರಂಥವೊಂದು ನಿಜವಾಗಿ ಪ್ರಾಚೀನವೇ ಆಗಿದ್ದಲ್ಲಿ ಭಾರತೀಯ ದರ್ಶನಗಳ ಇತಿಹಾಸದ ಅನೇಕ ಪುಟಗಳನ್ನು ತಿದ್ದಬೇಕಾಗುತ್ತದೆ. ಪ್ರಾಚೀನವಲ್ಲದಿದ್ದಲ್ಲಿ ಅದನ್ನು ಆಧಾರವಾಗಿಟ್ಟುಕೊಂಡ ಬರಹಗಳನ್ನೆಲ್ಲ ತಿದ್ದಬೇಕಾಗುತ್ತದೆ. ಆದುದರಿಂದ ಈ ಗ್ರಂಥದ ಪ್ರಾಮಾಣ್ಯವನ್ನು ಹಸ್ತಪ್ರತಿಶಾಸ್ತ್ರದ ದೃಷ್ಟಿಯಿಂದ ಪರಿಶೀಲಿಸುವುದು ಅವಶ್ಯಕವಾಗಿದೆ.

ಜೈನ ವಿದ್ವಾಂಸರಿಗೆ ಈ ವಿಚಾರದಲ್ಲಿ ವಿಶೇಷ ಹೊಣೆಯಿದೆ. ಬೆಳಕು, ಕತ್ತಲೆ, ನೆರಳು ಇವುಗಳ ವಿಷಯದಲ್ಲಿ ಜೈನ ಆಗಮವೂ ತರ್ಕಗ್ರಂಥಗಳೂ ಮಾಡಿರುವಷ್ಟು ವಿಸ್ತಾರವಾದ ಚರ್ಚೆ ಬೇರೆ ದರ್ಶನಗಳಲ್ಲಿ ವಿರಳ. ಹೀಗಾಗಿ ಬೆಳಕಿನ ಶಾಸ್ತ್ರವೆಂದು ಮುಂದಿಡಲಾದ ಯಾವುದೇ ಗ್ರಂಥವನ್ನು ಒರೆಗೆ ಹಚ್ಚುವ ಕಲ್ಲು ಜೈನ ಭಂಡಾರಗಳಲ್ಲಿಯೇ ಇದೆ.

ಗ್ರಂಥವು ಬೆಳಕಿಗೆ ಬಂದ ಬಗೆ

ಅಂಶುಬೋಧಿನಿಯನ್ನು ‘ವೈಮಾನಿಕ ಶಾಸ್ತ್ರ’ದಿಂದ ಬೇರ್ಪಡಿಸಿ ನೋಡುವುದು ಸಾಧ್ಯವಿಲ್ಲ. ಎರಡೂ ಭರದ್ವಾಜನ ಹೆಸರಿನಲ್ಲಿವೆ. ಎರಡಕ್ಕೂ ವೃತ್ತಿಕಾರನು ಬೋಧಾನಂದನೇ. ಎರಡೂ ಆನೇಕಲ್ಲಿನ ಪಂಡಿತ ಸುಬ್ಬರಾಯ ಶಾಸ್ತ್ರಿಗಳ ಮೂಲಕ ಹೊರಬಂದವು. ೧೯೪೦ರ ಸುಮಾರಿನಲ್ಲಿ ದಿವಂಗತರಾದ ಈ ಶಾಸ್ತ್ರಿಗಳು ೧೯೧೮ರಿಂದ ೧೯೨೩ರವರೆಗಿನ ಅವಧಿಯಲ್ಲಿ ವೈಮಾನಿಕ ಶಾಸ್ತ್ರದ ಶ್ಲೋಕಗಳನ್ನು ಬಾಯಿಂದ ಹೇಳಿದರು, ಜಿ. ವೆಂಕಟಾಚಲ ಶರ್ಮರು ಅವುಗಳನ್ನು ಬರೆದುಕೊಂಡರು. ಯಾವುದೋ ಓಲೆಗರಿಯ ಕಟ್ಟನ್ನು ನೋಡಿ ಓದಿದುದಲ್ಲವೆಂಬುದು ಇಲ್ಲಿ ಗಮನಾರ್ಹ. ಅದು ದೈವಾನುಗ್ರಹದಿಂದ ಅಂತರಂಗದಲ್ಲಿ ಸ್ಫುರಿಸಿದುದೆಂದೇ ಅದರ ಪ್ರಕಾಶಕರ ನಿರೂಪಣೆ. ವಿಮಾನಗಳ ಚಿತ್ರಗಳನ್ನು ಎಲ್ಲಪ್ಪನೆಂಬ ನಕ್ಷೆಗಾರರು ೧೯೨೩ರಲ್ಲಿ ಬೆಂಗಳೂರಿನಲ್ಲಿ ರಚಿಸಿದರು. ೧೯೫೨ರಲ್ಲಿ ಮೈಸೂರಿನ ಜಿ. ಆರ್. ಜೋಸ್ಯರ್ ಅವರು ಇಂತಹ ಗ್ರಂಥವೊಂದಿದೆಯೆಂದು ಪ್ರಕಟಿಸಿದರು. ೧೯೫೯ರಲ್ಲಿ ಸ್ವಾಮಿ ಬ್ರಹ್ಮಮುನಿ ಪರಿವ್ರಾಜಕರು ‘ಬೃಹದ್ ವಿಮಾನಶಾಸ್ತ್ರ’ವೆಂಬ ಹೆಸರಿನಲ್ಲಿ ಹಿಂದೀ ಅನುವಾದಸಹಿತವಾಗಿ ಇದನ್ನು ಹೊರತಂದರು. ೧೯೭೩ರಲ್ಲಿ ಜೋಸ್ಯರ್ ಅವರ ಇಂಗ್ಲಿಷ್ ಅನುವಾದವು ಮುದ್ರಿತವಾಯಿತು.

ವೈಮಾನಿಕ ಶಾಸ್ತ್ರದಲ್ಲಿಯೂ ಬೆಳಕಿನ ವಿಷಯಕ್ಕೆ ದೊಡ್ಡ ಸ್ಥಾನವಿದೆ. ಅದರ ದರ್ಪಣಾಧಿಕಾರದಲ್ಲಿ ವಿಶ್ವಕ್ರಿಯಾದರ್ಪಣ, ಶಕ್ತ್ಯಾಕರ್ಷಣದರ್ಪಣ, ವೈರೂಪ್ಯದರ್ಪಣ, ಕುಂಟಿಣೀದರ್ಪಣ, ಪಿಂಜುಳಾದರ್ಪಣ, ಗುಹಾಗರ್ಭದರ್ಪಣ, ರೌದ್ರೀದರ್ಪಣ ಎಂಬ ಏಳು ಕನ್ನಡಿಗಳನ್ನು ವರ್ಣಿಸಲಾಗಿದೆ. ವಿಮಾನದಲ್ಲಿ ಕುಳಿತವನು ಇವುಗಳಿಂದ ಹೊರಗಿನ ದೃಶ್ಯವನ್ನು ಕಾಣಬಹುದು, ಶತ್ರುಗಳಿಗೆ ವಿಕಾರರೂಪವನ್ನು ತೋರಬಹುದು, ಸೂರ್ಯಕಿರಣಗಳ ಶಕ್ತಿಯನ್ನು ಸೆಳೆದುಕೊಳ್ಳಬಹುದು ಎಂದು ಮುಂತಾಗಿ ಹೇಳಿದೆ. ಶಾಸ್ತ್ರದ ಪರಿಭಾಷೆಯೂ ಮಾಂತ್ರಿಕ ಕಲ್ಪನೆಯೂ ಇಲ್ಲಿ ಬೆರೆತುಹೋಗಿವೆ.

ಸುಬ್ಬರಾಯ ಶಾಸ್ತ್ರಿಗಳ ಶೀಲವಾಗಲಿ ಶ್ರದ್ಧೆಯಾಗಲಿ ಇಲ್ಲಿ ವಿಚಾರಣೆಯ ವಿಷಯವಲ್ಲ. ಒಬ್ಬ ಸಾಧಕನ ಅಂತರಂಗದಲ್ಲಿ ಸ್ಫುರಿಸಿದುದು ಅವನಿಗೆ ಪ್ರಮಾಣವೆನಿಸಬಹುದು. ಪರರಿಗೆ ಅದು ಶ್ರುತವಾಗಬೇಕಾದರೆ ಪರಂಪರೆಯ ಆಧಾರ ಬೇಕು. ರತ್ನಕರಂಡಕದಲ್ಲಿ ಹೇಳಿರುವ ಶಾಸ್ತ್ರಲಕ್ಷಣದಂತೆ ಶಾಸ್ತ್ರವು ಆಪ್ತನಿಂದ ಪ್ರವೃತ್ತವಾಗಿರಬೇಕು, ವಾದಿಗಳಿಂದ ಉಲ್ಲಂಘಿಸಲಾಗದುದಾಗಿರಬೇಕು, ಪ್ರತ್ಯಕ್ಷಾನುಮಾನಗಳಿಗೆ ವಿರುದ್ಧವಾಗಿರಕೂಡದು. ಅಂಶುಬೋಧಿನಿಯೂ ಅದರ ಸಹೋದರ ಗ್ರಂಥವೂ ಈ ಮೂರು ಒರೆಗಳನ್ನು ಹೇಗೆ ಎದುರಿಸುತ್ತವೆ ಎಂಬುದೇ ಪ್ರಶ್ನೆ.

೧೯೭೪ರ ಪರಿಶೀಲನೆ

ವೈಮಾನಿಕ ಶಾಸ್ತ್ರವು ಪ್ರತ್ಯಕ್ಷಾನುಮಾನಗಳಿಗೆ ಹೊಂದುವುದೇ ಎಂಬ ಪರೀಕ್ಷೆಯು ೧೯೭೪ರಲ್ಲಿ ನಡೆಯಿತು. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಎಚ್. ಎಸ್. ಮುಕುಂದ, ಎಸ್. ಎಂ. ದೇಶಪಾಂಡೆ, ಎಚ್. ಆರ್. ನಾಗೇಂದ್ರ, ಎ. ಪ್ರಭು, ಎಸ್. ಪಿ. ಗೋವಿಂದರಾಜು ಎಂಬ ಐವರು ವಿದ್ವಾಂಸರು ಅದನ್ನು ಪರಿಶೀಲಿಸಿ ಒಂದು ಪ್ರಬಂಧವನ್ನು ಪ್ರಕಟಿಸಿದರು. ಶಕುನ, ಸುಂದರ, ರುಕ್ಮ, ತ್ರಿಪುರ ಎಂಬ ನಾಲ್ಕು ಬಗೆಯ ವಿಮಾನಗಳ ಆಕಾರ, ಭಾರ, ಚಾಲನಾವಿಧಾನಗಳನ್ನು ಅವರು ಲೆಕ್ಕಹಾಕಿ ನೋಡಿದರು. ಅವುಗಳಲ್ಲಿ ಯಾವುದೂ ಹಾರಲಾರದು ಎಂಬುದು ಅವರ ನಿರ್ಣಯ. ಗ್ರಂಥದ ಭಾಷೆಯು ವೈದಿಕ ಸಂಸ್ಕೃತವಲ್ಲ, ಸರಳವಾದ ಅರ್ವಾಚೀನ ಸಂಸ್ಕೃತ. ಛಂದಸ್ಸು ಲೌಕಿಕವಾದ ಅನುಷ್ಟುಭ್. ರಚನಾಕಾಲವು ೧೯೦೪ಕ್ಕಿಂತ ಹಿಂದಿನದಾಗಿರಲಾರದು ಎಂದೂ ಅವರು ತೋರಿಸಿಕೊಟ್ಟರು. ಋಗ್ವೇದದ ಆರನೆಯ ಮಂಡಲದ ಋಷಿಯ ಹೆಸರಿಗೂ ಈ ಶ್ಲೋಕಗಳ ಭಾಷೆಗೂ ನಡುವೆ ಇರುವ ಅಂತರವನ್ನು ವ್ಯಾಕರಣ ಬಲ್ಲವರಿಗೆ ವಿವರಿಸಿ ಹೇಳಬೇಕಾಗಿಲ್ಲ.

ಹಸ್ತಪ್ರತಿಗಳ ಸ್ಥಿತಿಯೂ ಈ ನಿರ್ಣಯಕ್ಕೆ ಪೋಷಕವಾಗಿದೆ. ದೊರೆತಿರುವವೆಲ್ಲವೂ ೨೦ನೆಯ ಶತಮಾನದ ಕಾಗದದ ಪ್ರತಿಗಳು. ಒಂದೇ ಮೂಲದಿಂದ ಇಳಿದು ಬಂದ ಎರಡು ಪ್ರತಿಗಳು ಎರಡು ಊರುಗಳಲ್ಲಿ ದೊರೆತರೆ ಸಾಕ್ಷಿಗಳು ಇಬ್ಬರಾಗುವುದಿಲ್ಲ. ಸಾಕ್ಷಿ ಒಬ್ಬನೇ, ಅವನ ಮಾತನ್ನು ಎರಡು ಬಾರಿ ಬರೆದಿಟ್ಟಂತಾಯಿತು. ಗ್ರಂಥಸಂಪಾದನೆಯಲ್ಲಿ ಪ್ರತಿಗಳ ಸಂಖ್ಯೆಗಿಂತ ಅವುಗಳ ಸ್ವಾತಂತ್ರ್ಯಕ್ಕೆ ಬೆಲೆ ಹೆಚ್ಚು. ಸ್ವತಂತ್ರ ಪರಂಪರೆಯಲ್ಲಿ ಪಾಠಾಂತರಗಳಿರುತ್ತವೆ, ಲಿಪಿಕಾರರ ಸ್ಖಾಲಿತ್ಯಗಳಿರುತ್ತವೆ, ಪುಷ್ಪಿಕೆಯಲ್ಲಿ ಊರು, ಅರಸು, ಬರೆಸಿದವರ ಹೆಸರು, ಶಕವರ್ಷ ಇವು ಇರುತ್ತವೆ. ಇಲ್ಲಿ ಅವು ಯಾವುವೂ ಇಲ್ಲ.

ಉದ್ಧೃತ ಗ್ರಂಥಗಳ ವೃತ್ತ

ವೃತ್ತಿಕಾರನು ಪೂರ್ವಾಚಾರ್ಯರನ್ನು ಧಾರಾಳವಾಗಿ ಹೆಸರಿಸಿದ್ದಾನೆ ಎಂಬ ಸಮಾಧಾನವನ್ನು ಕೆಲವರು ಹೇಳುವುದುಂಟು. ವೈಮಾನಿಕ ಶಾಸ್ತ್ರದ ಆರಂಭದಲ್ಲಿಯೇ ನಾರಾಯಣನ ವಿಮಾನಚಂದ್ರಿಕೆ, ಶೌನಕನ ವ್ಯೋಮಯಾನತಂತ್ರ, ಗರ್ಗನ ಯಂತ್ರಕಲ್ಪ, ವಾಚಸ್ಪತಿಯ ಯಾನಬಿಂದು, ಚಾಕ್ರಾಯಣಿಯ ಖೇಟಯಾನಪ್ರದೀಪಿಕೆ, ಧುಂಡಿನಾಥನ ವ್ಯೋಮಯಾನಾರ್ಕಪ್ರಕಾಶ ಎಂಬ ಆರು ಕೃತಿಗಳು ಹೆಸರಿಸಲ್ಪಟ್ಟಿವೆ. ಮೂಲವೇ ‘ಯಂತ್ರಸರ್ವಸ್ವ’ವೆಂಬ ಮಹಾಗ್ರಂಥದ ಒಂದು ಭಾಗವೆಂದು ಹೇಳಿದೆ. ಆದರೆ ಈ ಕೃತಿಗಳಲ್ಲಿ ಒಂದರ ಪ್ರತಿಯೂ ದೊರೆತಿಲ್ಲ. ಅವುಗಳನ್ನು ಬಲ್ಲವು ಈ ಗುಂಪಿನ ಗ್ರಂಥಗಳು ಮಾತ್ರ. ಒಂದು ಇನ್ನೊಂದಕ್ಕೆ ಸಾಕ್ಷಿ ನುಡಿಯುತ್ತದೆ, ಆ ಇನ್ನೊಂದಕ್ಕೆ ಮೊದಲನೆಯದೇ ಸಾಕ್ಷಿ. ತರ್ಕದಲ್ಲಿ ಇದಕ್ಕೆ ಅನ್ಯೋನ್ಯಾಶ್ರಯದೋಷವೆಂದು ಹೆಸರು.

ಹೆಸರಿನಲ್ಲಿ ಬೆಳಕಿದ್ದ ಮಾತ್ರಕ್ಕೆ ಗ್ರಂಥವು ಬೆಳಕಿನ ಶಾಸ್ತ್ರವಾಗುವುದಿಲ್ಲವೆಂಬುದನ್ನೂ ನೆನೆಯಬೇಕು. ಉದಯನನ ‘ಕಿರಣಾವಲಿ’ ವೈಶೇಷಿಕ ಪದಾರ್ಥಗಳ ವಿವೇಚನೆ. ಪ್ರಭಾಚಂದ್ರನ ‘ಪ್ರಮೇಯಕಮಲಮಾರ್ತಂಡ’ ಜೈನ ನ್ಯಾಯಗ್ರಂಥ. ಆದರೂ ಈ ಎರಡು ಹೆಸರುಗಳನ್ನು ಇಲ್ಲಿ ಎತ್ತಲು ಬೇರೊಂದು ಕಾರಣವಿದೆ. ಬೆಳಕನ್ನು ಕುರಿತು ಈ ದೇಶದಲ್ಲಿ ನಿಜವಾಗಿ ನಡೆದ ವಾದದಲ್ಲಿ ಇಂತಹ ಗ್ರಂಥಕಾರರೇ ಪಾತ್ರಧಾರಿಗಳು.

ಬೆಳಕಿನ ವಿಷಯದಲ್ಲಿ ನಡೆದ ವಾದ

ಆ ವಾದದ ಮೊದಲನೆಯ ಪ್ರಶ್ನೆ, ಕಣ್ಣು ವಸ್ತುವನ್ನು ಮುಟ್ಟಿ ತಿಳಿಯುವುದೋ ಮುಟ್ಟದೆ ತಿಳಿಯುವುದೋ ಎಂಬುದು. ನ್ಯಾಯಸೂತ್ರದ ಮೂರನೆಯ ಅಧ್ಯಾಯದಲ್ಲಿ ಕಣ್ಣು ತೈಜಸವೆಂದೂ ಅದರಿಂದ ಹೊರಟ ರಶ್ಮಿಯು ವಸ್ತುವನ್ನು ತಲಪುವುದೆಂದೂ ಪ್ರತಿಪಾದಿಸಲಾಗಿದೆ. ಇರುಳಿನಲ್ಲಿ ಸಂಚರಿಸುವ ಪ್ರಾಣಿಗಳ ಕಣ್ಣಿನ ಹೊಳಪು ಅಲ್ಲಿ ದೃಷ್ಟಾಂತ. ಗಾಜು, ಅಭ್ರಕ, ಸ್ಫಟಿಕಗಳು ಅಡ್ಡವಿದ್ದರೂ ಅವುಗಳ ಹಿಂದಿನ ವಸ್ತುವು ಕಾಣುವುದೇಕೆ ಎಂಬ ಆಕ್ಷೇಪವೂ, ಕನ್ನಡಿ ಮತ್ತು ನೀರಿನಲ್ಲಿ ಪ್ರತಿಬಿಂಬವು ಮೂಡುವ ವಿಚಾರವೂ ಅಲ್ಲಿಯೇ ಬಂದಿವೆ.

ಜೈನ ಸಿದ್ಧಾಂತವು ಇದಕ್ಕೆ ವಿರುದ್ಧವಾದುದು. ಕಣ್ಣಿಗೂ ಮನಸ್ಸಿಗೂ ವ್ಯಂಜನಾವಗ್ರಹವಿಲ್ಲವೆಂದು ತತ್ತ್ವಾರ್ಥಸೂತ್ರದ ಮೊದಲನೆಯ ಅಧ್ಯಾಯದಲ್ಲಿ ಹೇಳಿದೆ. ಕಣ್ಣು ಮುಟ್ಟಿ ತಿಳಿಯುವುದಾದರೆ ತನಗೆ ಅಂಟಿಕೊಂಡಿರುವ ಕಾಡಿಗೆಯನ್ನು ಮೊದಲು ಕಾಣಬೇಕಿತ್ತು ಎಂಬ ಪೂಜ್ಯಪಾದರ ಯುಕ್ತಿಯು ಸರ್ವಾರ್ಥಸಿದ್ಧಿಯನ್ನು ಓದಿದವರೆಲ್ಲರಿಗೂ ಪರಿಚಿತ. ಅಕಲಂಕದೇವರು ತತ್ತ್ವಾರ್ಥವಾರ್ತಿಕದಲ್ಲಿ ಈ ವಾದವನ್ನು ಬೆಳೆಸಿದರು. ೧೧ನೆಯ ಶತಮಾನದಲ್ಲಿ ಧಾರಾನಗರದಲ್ಲಿದ್ದ ಪ್ರಭಾಚಂದ್ರರು ಪ್ರಮೇಯಕಮಲಮಾರ್ತಂಡದಲ್ಲಿ ನೈಯಾಯಿಕರ ನೇತ್ರರಶ್ಮಿಯನ್ನು ಸವಿಸ್ತಾರವಾಗಿ ಖಂಡಿಸಿದರು.

ಎರಡನೆಯ ಪ್ರಶ್ನೆ ಕತ್ತಲೆಯದು. ವೈಶೇಷಿಕರಿಗೆ ಕತ್ತಲೆಯೆಂಬುದು ಬೆಳಕಿನ ಅಭಾವ ಮಾತ್ರ. ಭಾಟ್ಟ ಮೀಮಾಂಸಕರಿಗೆ ಅದೊಂದು ದ್ರವ್ಯ. ಜೈನರಿಗೆ ಅದು ಪುದ್ಗಲದ ಪರ್ಯಾಯ. ತತ್ತ್ವಾರ್ಥಸೂತ್ರದ ಐದನೆಯ ಅಧ್ಯಾಯದಲ್ಲಿ ಶಬ್ದ, ಬಂಧ, ಸೌಕ್ಷ್ಮ್ಯ, ಸ್ಥೌಲ್ಯ, ಸಂಸ್ಥಾನ, ಭೇದಗಳೊಂದಿಗೆ ತಮಸ್ಸು, ಛಾಯೆ, ಆತಪ, ಉದ್ಯೋತಗಳನ್ನೂ ಪುದ್ಗಲದ ಪರ್ಯಾಯಗಳಲ್ಲಿ ಎಣಿಸಿದೆ. ಪೂಜ್ಯಪಾದರ ವಿವರಣೆಯಂತೆ ತಮಸ್ಸು ದೃಷ್ಟಿಗೆ ಪ್ರತಿಬಂಧಕವಾದುದು, ಪ್ರಕಾಶಕ್ಕೆ ವಿರೋಧಿಯಾದುದು. ಛಾಯೆಯು ಬೆಳಕಿಗೆ ಆವರಣವುಂಟಾದಾಗ ಹುಟ್ಟುವಂಥದು. ಅದರಲ್ಲಿ ವರ್ಣಾದಿವಿಕಾರವುಳ್ಳದ್ದು, ಪ್ರತಿಬಿಂಬಮಾತ್ರವಾದುದು ಎಂದು ಎರಡು ಬಗೆ. ಸೂರ್ಯಾದಿಗಳ ಉಷ್ಣಪ್ರಕಾಶವು ಆತಪ. ಚಂದ್ರ, ಮಣಿ, ಮಿಂಚುಹುಳು ಮುಂತಾದವುಗಳ ಬೆಳಕು ಉದ್ಯೋತ.

ಈ ವಿಭಾಗವು ಕರ್ಮಸಿದ್ಧಾಂತದಲ್ಲಿ ಇನ್ನೂ ಸೂಕ್ಷ್ಮವಾಗುತ್ತದೆ. ನೇಮಿಚಂದ್ರ ಸಿದ್ಧಾಂತಚಕ್ರವರ್ತಿಗಳು ಗೋಮ್ಮಟಸಾರದ ಕರ್ಮಕಾಂಡದಲ್ಲಿ ಅಗ್ನಿ, ಆತಪ, ಉದ್ಯೋತಗಳ ವ್ಯತ್ಯಾಸವನ್ನು ಒಂದೇ ಗಾಹೆಯಲ್ಲಿ ಅಡಗಿಸಿದ್ದಾರೆ. ಅಗ್ನಿಯು ಮೂಲದಲ್ಲಿಯೂ ಪ್ರಭೆಯಲ್ಲಿಯೂ ಉಷ್ಣವಾದುದು. ಆತಪದಲ್ಲಿ ಪ್ರಭೆ ಮಾತ್ರ ಉಷ್ಣ. ಅದು ಸೂರ್ಯಬಿಂಬದಲ್ಲಿರುವ ಪೃಥ್ವೀಕಾಯಿಕ ಜೀವಗಳಿಗೆ ಸಂಬಂಧಿಸಿದುದು. ಉದ್ಯೋತದಲ್ಲಿ ಪ್ರಭೆಗೂ ಉಷ್ಣತೆಯಿಲ್ಲ. ಕೇಶವವರ್ಣಿಯು ೧೩೫೯ರಲ್ಲಿ ಪೂರೈಸಿದ ಕನ್ನಡ ವೃತ್ತಿಯಾದ ‘ಜೀವತತ್ತ್ವಪ್ರದೀಪಿಕೆ’ಯು ಈ ಗ್ರಂಥಕ್ಕೆ ದಾರಿದೀಪವಾಯಿತು; ಅದನ್ನು ಅನುಸರಿಸಿಯೇ ಮುಂದೆ ಸಂಸ್ಕೃತ ಟೀಕೆ ಹುಟ್ಟಿತು.

ಸೂರ್ಯಬಿಂಬವು ಮೂಲದಲ್ಲಿ ಉಷ್ಣವಲ್ಲವೆಂಬ ಈ ನಿರೂಪಣೆಯು ಆಧುನಿಕ ಭೌತವಿಜ್ಞಾನಕ್ಕೆ ಹೊಂದುವುದಿಲ್ಲ. ಆದರೆ ಹಸ್ತಪ್ರತಿಶಾಸ್ತ್ರದ ದೃಷ್ಟಿಯಿಂದ ಇದು ಅಮೂಲ್ಯವಾದ ಲಕ್ಷಣ. ಪ್ರಾಚೀನ ಗ್ರಂಥವು ತನ್ನ ಕಾಲದ ಪ್ರಶ್ನೆಗಳಿಗೆ ತನ್ನ ಸಿದ್ಧಾಂತದ ಪರಿಭಾಷೆಯಲ್ಲಿ ಉತ್ತರ ಹೇಳುತ್ತದೆ. ಬಿಳಿಯ ಬೆಳಕಿನಲ್ಲಿ ಹಲವು ಬಣ್ಣಗಳಿವೆಯೆಂದು ನ್ಯೂಟನ್ ಪ್ರಕಟಿಸಿದುದು ೧೬೭೨ರಲ್ಲಿ. ಕೆಂಪಿನ ಆಚೆ ಕಾಣದ ಕಿರಣಗಳಿವೆಯೆಂದು ಹರ್ಷಲ್ ಕಂಡುಕೊಂಡದ್ದು ೧೮೦೦ರಲ್ಲಿ. ಕಿರ್ಕಾಫ್ ಮತ್ತು ಬುನ್‌ಸೆನ್ ವರ್ಣಪಟಲದಿಂದ ಧಾತುಗಳನ್ನು ಗುರುತಿಸುವ ಕ್ರಮವನ್ನು ಸ್ಥಾಪಿಸಿದುದು ೧೮೫೯-೬೦ರಲ್ಲಿ. ರಂಟ್‌ಗೆನ್ ಕ್ಷ-ಕಿರಣಗಳನ್ನು ಕಂಡುಹಿಡಿದುದು ೧೮೯೫ರಲ್ಲಿ. ಒಂದು ‘ಪ್ರಾಚೀನ’ ಗ್ರಂಥವು ತನ್ನ ನೆರೆಯ ದರ್ಶನಗಳ ಪ್ರಶ್ನೆಗಳನ್ನು ಬಿಟ್ಟು ಈ ಯುಗದ ಪ್ರಶ್ನೆಗಳಿಗೇ ಉತ್ತರ ಕೊಡುತ್ತದೆಯೆಂದಾದರೆ, ಅದು ಯಾವ ಕಾಲದ ಕಿವಿಗಳಿಗಾಗಿ ರಚಿತವಾಯಿತೆಂಬ ಸಂಶಯವು ಸಹಜವಾಗಿ ಏಳುತ್ತದೆ.

ಪೂರ್ವಪಕ್ಷದ ಸಾಕ್ಷ್ಯ

ಈ ಪ್ರಕರಣದಲ್ಲಿ ನಿರ್ಣಾಯಕವಾದ ಸಾಕ್ಷ್ಯವು ಇಲ್ಲಿ ದೊರೆಯುತ್ತದೆ. ಭಾರತೀಯ ಶಾಸ್ತ್ರಪದ್ಧತಿಯಲ್ಲಿ ಯಾವ ಮತವೂ ಒಂಟಿಯಾಗಿ ಬಾಳುವುದಿಲ್ಲ. ಒಪ್ಪುವವರು ಅದನ್ನು ಉದ್ಧರಿಸುತ್ತಾರೆ. ಒಪ್ಪದವರು ಅದನ್ನು ಪೂರ್ವಪಕ್ಷವಾಗಿ ನಿಲ್ಲಿಸಿ ಖಂಡಿಸುತ್ತಾರೆ. ಎಷ್ಟೋ ಲುಪ್ತ ಗ್ರಂಥಗಳ ಮತಗಳು ಉಳಿದು ಬಂದಿರುವುದು ಅವುಗಳ ವಿರೋಧಿಗಳ ಪುಟಗಳಲ್ಲಿಯೇ. ಚಾರ್ವಾಕರ ಗ್ರಂಥಗಳು ನಾಶವಾದರೂ ಅವರ ವಾದವನ್ನು ಇಂದಿಗೂ ತಿಳಿಯಬಹುದಾಗಿರುವುದು ಇದಕ್ಕೆ ನಿದರ್ಶನ.

ಕಿರಣಗಳ ವಿಷಯದಲ್ಲಿಯೇ ಒಂದು ಸಹಸ್ರ ವರ್ಷಗಳಿಗೂ ಮಿಕ್ಕಿ ವಾದ ನಡೆಯಿತು. ನೇತ್ರರಶ್ಮಿಯನ್ನು ಸ್ಥಾಪಿಸುವುದಕ್ಕಾಗಿ ನೈಯಾಯಿಕರು ಬೆಕ್ಕಿನ ಕಣ್ಣಿನವರೆಗೆ ದೃಷ್ಟಾಂತಗಳನ್ನು ಹುಡುಕಿದರು. ಭರದ್ವಾಜ ಮಹರ್ಷಿಯ ಕಿರಣಶಾಸ್ತ್ರವೊಂದು ಲೋಕದಲ್ಲಿದ್ದಿದ್ದರೆ, ಆ ಆರ್ಷವಚನವನ್ನು ಅವರು ತಮ್ಮ ಪಕ್ಷಕ್ಕೆ ಉದ್ಧರಿಸದೆ ಬಿಡುತ್ತಿದ್ದರೇ? ಅವರು ಉದ್ಧರಿಸಿದ್ದರೆ ಅಕಲಂಕರೂ ಪ್ರಭಾಚಂದ್ರರೂ ಅದನ್ನು ಖಂಡಿಸದೆ ಮುಂದೆ ಹೋಗುತ್ತಿದ್ದರೇ? ಕತ್ತಲೆಯು ದ್ರವ್ಯವೋ ಅಭಾವವೋ ಎಂಬ ಜಗಳದಲ್ಲಿ ಭಾಟ್ಟರಾಗಲಿ ವೈಶೇಷಿಕರಾಗಲಿ ಅದರ ನೆರವನ್ನು ಕೋರದಿರುತ್ತಿದ್ದರೇ? ಆ ವಾದಪರಂಪರೆಯಲ್ಲಿ ಅಂಶುಬೋಧಿನಿಯ ಹೆಸರು ಸಾಧಕವಾಗಿಯೂ ಬಂದಿಲ್ಲ, ಬಾಧಕವಾಗಿಯೂ ಬಂದಿಲ್ಲ.

ಅನುಪಲಬ್ಧಿಯಿಂದ ಅಭಾವವನ್ನು ಸಾಧಿಸಬಾರದೆಂಬ ಆಕ್ಷೇಪ ಇಲ್ಲಿ ಬರಬಹುದು. ಅದಕ್ಕೆ ಉತ್ತರವು ಜೈನ ನ್ಯಾಯದಲ್ಲಿಯೇ ಇದೆ. ಇದ್ದಲ್ಲಿ ಕಾಣಲೇಬೇಕಾಗಿದ್ದ ವಸ್ತುವು ಕಾಣದಿದ್ದರೆ ಆ ಅನುಪಲಬ್ಧಿಯು ಹೇತುವಾಗುತ್ತದೆ. ಬರಿಯ ನೆಲದಲ್ಲಿ ಗಡಿಗೆ ಕಾಣದಿದ್ದರೆ ಅಲ್ಲಿ ಗಡಿಗೆಯಿಲ್ಲವೆಂದು ತಿಳಿಯುವುದು ದೋಷವಲ್ಲ. ಪಾಕಶಾಸ್ತ್ರದ ಗ್ರಂಥದಲ್ಲಿ ಅಂಶುಬೋಧಿನಿಯ ಹೆಸರಿಲ್ಲದಿರುವುದರಿಂದ ಏನೂ ಸಿದ್ಧಿಸುವುದಿಲ್ಲ. ಕಿರಣಗಳನ್ನೇ ಕುರಿತ ವಾದದಲ್ಲಿ ಅದಿಲ್ಲದಿರುವುದರಿಂದ ಬಹಳಷ್ಟು ಸಿದ್ಧಿಸುತ್ತದೆ.

ಲುಪ್ತಗ್ರಂಥದ ಹೆಜ್ಜೆಗುರುತು

ನಿಜವಾಗಿ ಇದ್ದು ಕಳೆದುಹೋದ ಗ್ರಂಥಗಳು ಹೇಗೆ ಹೆಜ್ಜೆಗುರುತನ್ನು ಬಿಟ್ಟಿವೆ ಎಂಬುದನ್ನು ನೋಡಿದರೆ ಈ ವಿಚಾರವು ಇನ್ನಷ್ಟು ಸ್ಪಷ್ಟವಾಗುತ್ತದೆ. ತುಂಬಲೂರಾಚಾರ್ಯರ ‘ಚೂಡಾಮಣಿ’ಯೆಂಬ ಕನ್ನಡ ವ್ಯಾಖ್ಯಾನವು ಇಂದು ಉಪಲಬ್ಧವಿಲ್ಲ. ಆದರೆ ಇಂದ್ರನಂದಿಯ ಶ್ರುತಾವತಾರವು ಅದನ್ನು ಹೆಸರಿಸುತ್ತದೆ. ೧೬೦೪ರಲ್ಲಿ ರಚಿತವಾದ ‘ಕರ್ಣಾಟಕ ಶಬ್ದಾನುಶಾಸನ’ದಲ್ಲಿ ಭಟ್ಟಾಕಲಂಕನು ಚೂಡಾಮಣಿಯ ಹಿರಿಮೆಯನ್ನು ಹೇಳಿ ಅದರ ಪ್ರಮಾಣವನ್ನು ೯೬,೦೦೦ ಗ್ರಂಥಗಳೆಂದು ಕೊಡುತ್ತಾನೆ. ಇಂದ್ರನಂದಿಯು ಕೊಡುವ ಸಂಖ್ಯೆ ೮೪,೦೦೦. ಸಂಖ್ಯೆಗಳಲ್ಲಿರುವ ಈ ವ್ಯತ್ಯಾಸವೇ ಸಾಕ್ಷಿಗಳಿಬ್ಬರೂ ಒಬ್ಬರನ್ನೊಬ್ಬರು ನೋಡಿ ಬರೆದವರಲ್ಲವೆಂಬುದನ್ನು ಸೂಚಿಸುತ್ತದೆ. ಗ್ರಂಥವು ಹೋಯಿತು, ಅದರ ನೆರಳು ಉಳಿಯಿತು.

ಧವಲಾ ಟೀಕೆಯ ಇತಿಹಾಸವು ಇದಕ್ಕೂ ಮಿಗಿಲಾದ ಉದಾಹರಣೆ. ಷಟ್ಖಂಡಾಗಮದ ಮೇಲೆ ವೀರಸೇನಾಚಾರ್ಯರು ಬರೆದ ಈ ಮಹಾಟೀಕೆಯು ಮೂಡುಬಿದಿರೆಯ ಸಿದ್ಧಾಂತ ಬಸದಿಯಲ್ಲಿ ಹಳಗನ್ನಡ ಲಿಪಿಯ ಓಲೆಗರಿಗಳಲ್ಲಿ ಉಳಿದಿತ್ತು. ಶತಮಾನಗಳ ಕಾಲ ಅದು ದರ್ಶನ ಪೂಜೆಗಳಿಗೆ ಮಾತ್ರ ಸಲ್ಲುತ್ತಿದ್ದಿತು. ೧೯ನೆಯ ಶತಮಾನದ ಕೊನೆಯಲ್ಲಿ ಅದರ ಪ್ರತಿ ಮಾಡುವ ಕಾರ್ಯವು ಆರಂಭವಾಯಿತು, ಡಾ. ಹೀರಾಲಾಲ್ ಜೈನ್ ಅವರ ಸಂಪಾದಕತ್ವದಲ್ಲಿ ೧೯೩೯ರಿಂದ ಮೊದಲ್ಗೊಂಡು ೧೬ ಸಂಪುಟಗಳಲ್ಲಿ ಅದು ಮುದ್ರಿತವಾಯಿತು. ಓಲೆಗರಿಗಳು ಹೊರಬರುವ ಮೊದಲೇ ಅದರ ಅಸ್ತಿತ್ವ ತಿಳಿದಿತ್ತು. ಶ್ರುತಾವತಾರದಲ್ಲಿ ಅದರ ವೃತ್ತಾಂತವಿತ್ತು. ಗೋಮ್ಮಟಸಾರವು ಅದರ ಸಾರವನ್ನು ಹೊತ್ತು ನಿಂತಿತ್ತು. ಮುದ್ರಿತವಾದ ಮೇಲೆ ನೋಡಿದರೆ ಒಳಗಿನ ವಿಷಯವು ಹೊರಗಿನ ಸಾಕ್ಷ್ಯಗಳಿಗೆ ಹೊಂದಿಕೊಂಡಿತು. ಟೀಕೆಯೊಳಗೆ ವೀರಸೇನರು ಪೂರ್ವಾಚಾರ್ಯರ ಭಿನ್ನಮತಗಳನ್ನು, ಉತ್ತರ ಮತ್ತು ದಕ್ಷಿಣ ಪ್ರತಿಪತ್ತಿಗಳ ಭೇದವನ್ನು ಮರೆಮಾಚದೆ ತೋರಿಸಿದ್ದಾರೆ.

ಮೂಡುಬಿದಿರೆಯ ಓಲೆಗರಿಗಳ ಪ್ರತಿ ಇಳಿಯುತ್ತಿದ್ದ ಕಾಲಕ್ಕೂ ವೈಮಾನಿಕ ಶಾಸ್ತ್ರವು ಹೇಳಿ ಬರೆಸಲ್ಪಟ್ಟ ಕಾಲಕ್ಕೂ ಬಹಳ ದೂರವಿಲ್ಲ. ಎರಡೂ ಕರ್ಣಾಟಕದಲ್ಲಿಯೇ ನಡೆದ ಕಾರ್ಯಗಳು. ಒಂದರ ಹಿಂದೆ ಗರಿ, ಲಿಪಿ, ಉಲ್ಲೇಖ, ಶಿಷ್ಯಪರಂಪರೆ ಇದ್ದವು. ಇನ್ನೊಂದರ ಹಿಂದೆ ಒಬ್ಬರ ಬಾಯಿಮಾತು ಮಾತ್ರವಿತ್ತು.

ಪ್ರಯೋಗದಿಂದ ಪ್ರಾಚೀನತೆ ಸಿದ್ಧಿಸುವುದೇ?

ಅಂಶುಬೋಧಿನಿಯ ಪಕ್ಷದಲ್ಲಿ ಪ್ರಯೋಗದ ಪ್ರಮಾಣವನ್ನೂ ಹೇಳಲಾಗಿದೆ. ೧೯೯೦ರ ದಶಕದ ಕೊನೆಯಲ್ಲಿ ವಿಜ್ಞಾನದ ಇತಿಹಾಸಕ್ಕೆ ಮೀಸಲಾದ ಪತ್ರಿಕೆಯೊಂದರಲ್ಲಿ ಅಂಶುಬೋಧಿನಿಯ ‘ಧ್ವಾಂತಪ್ರಮಾಪಕ ಯಂತ್ರ’ವನ್ನು ಕುರಿತ ಪ್ರಬಂಧವು ಪ್ರಕಟವಾಯಿತು. ಧ್ವಾಂತವೆಂದರೆ ಕತ್ತಲೆ, ಕತ್ತಲೆಯನ್ನು ಅಳೆಯುವ ಈ ಯಂತ್ರವನ್ನು ಆಧುನಿಕ ವರ್ಣಪಟಲಮಾಪಕಕ್ಕೆ ಸಮೀಕರಿಸಿ, ಗ್ರಂಥದಲ್ಲಿ ಹೇಳಿದ ದ್ರವ್ಯಗಳಿಂದ ಗಾಜಿನಂತಹ ಒಂದು ವಸ್ತುವನ್ನು ಪ್ರಯೋಗಶಾಲೆಯಲ್ಲಿ ಸಿದ್ಧಪಡಿಸಿದ ವಿವರಗಳು ಅದರಲ್ಲಿವೆ.

ಪ್ರಯೋಗವು ಸಫಲವಾಯಿತೆಂದೇ ಇಟ್ಟುಕೊಂಡರೂ ಅದರಿಂದ ಸಿದ್ಧವಾಗುವುದು ಯೋಗದ ಗುಣ ಮಾತ್ರ, ಗ್ರಂಥದ ಕಾಲವಲ್ಲ. ನಿನ್ನೆ ಬರೆದ ಔಷಧಯೋಗವೂ ರೋಗವನ್ನು ಗುಣಪಡಿಸಬಹುದು. ಅಲ್ಲದೆ ಸಂಸ್ಕೃತದ ಅನೇಕಾರ್ಥ ಪದಗಳಿಗೆ ಆಧುನಿಕ ದ್ರವ್ಯಗಳನ್ನು ಆರಿಸಿಕೊಳ್ಳುವವನು ಫಲವನ್ನು ಮೊದಲೇ ಬಲ್ಲವನಾಗಿದ್ದರೆ, ಆರಿಸುವಿಕೆಯಲ್ಲಿಯೇ ಫಲವು ಅಡಗಿರುತ್ತದೆ.

ಇದಕ್ಕೆ ವಿಪರ್ಯಯವೂ ಸತ್ಯ. ಧಾರೆಯ ಭೋಜರಾಜನ ಸಮರಾಂಗಣಸೂತ್ರಧಾರದಲ್ಲಿ ಮರದ ಹಕ್ಕಿಯೊಂದನ್ನು ಪಾದರಸದ ಬಲದಿಂದ ಹಾರಿಸುವ ಮಾತಿದೆ. ಆ ಯಂತ್ರವು ಹಾರಲಾರದು. ಆದರೂ ಆ ಗ್ರಂಥವು ೧೧ನೆಯ ಶತಮಾನದ್ದೆಂಬುದಕ್ಕೆ ಬಾಧೆಯಿಲ್ಲ. ಗ್ರಂಥದ ಕಾಲನಿರ್ಣಯ ಬೇರೆ, ಅದರಲ್ಲಿ ಹೇಳಿದ ವಿಷಯದ ಸತ್ಯಾಸತ್ಯನಿರ್ಣಯ ಬೇರೆ. ಒಂದರ ಉತ್ತರವನ್ನು ಇನ್ನೊಂದರ ಸ್ಥಾನದಲ್ಲಿಡುವುದರಿಂದಲೇ ಈ ಬಗೆಯ ಭ್ರಾಂತಿಗಳು ಬೆಳೆಯುತ್ತವೆ.

ಜೈನ ವಿದ್ವಾಂಸರ ಹೊಣೆ

ಪರರ ಗ್ರಂಥಗಳಿಗೆ ಹಿಡಿಯುವ ಒರೆಗಲ್ಲನ್ನು ಸ್ವಕೀಯ ಗ್ರಂಥಗಳಿಗೂ ಹಿಡಿಯದಿದ್ದರೆ ಈ ವಿಚಾರವು ವ್ಯರ್ಥ. ಕುಮುದೇಂದುವಿನ ‘ಸಿರಿಭೂವಲಯ’ವು ೧೯೫೩ರಲ್ಲಿ ಮುದ್ರಣದಲ್ಲಿ ಬಂದಾಗ, ಅಂಕಗಳಲ್ಲಿ ರಚಿತವಾದ ಆ ಕಾವ್ಯದಲ್ಲಿ ಸಮಸ್ತ ಭಾಷೆಗಳೂ ಸಮಸ್ತ ವಿಜ್ಞಾನಗಳೂ ಅಡಗಿವೆಯೆಂಬ ಮಾತು ಹರಡಿತು. ಅದರ ಕಾಲದ ವಿಷಯದಲ್ಲಿ ವಿದ್ವಾಂಸರಲ್ಲಿ ಭಿನ್ನಾಭಿಪ್ರಾಯವಿದೆ. ಪ್ರತಿ ಯಾವುದು, ಅದರ ಮಾತೃಕೆ ಯಾವುದು, ಇತರ ಕವಿಗಳ ಉಲ್ಲೇಖವಿದೆಯೇ, ಭಾಷೆಯು ಹೇಳಲಾದ ಕಾಲದ್ದೇ ಎಂಬ ಪ್ರಶ್ನೆಗಳನ್ನು ಅದಕ್ಕೂ ಕೇಳಬೇಕು. ಅಭಿಮಾನವು ಈ ಪ್ರಶ್ನೆಗಳಿಗೆ ಉತ್ತರವಾಗಲಾರದು.

ತತ್ತ್ವಾರ್ಥಸೂತ್ರದ ತಮಸ್ಸು ಆತಪಗಳಲ್ಲಿ ಇಂದಿನ ಭೌತವಿಜ್ಞಾನದ ಕಣಸಿದ್ಧಾಂತವನ್ನು ಓದುವ ಪ್ರವೃತ್ತಿಯೂ ಇದೇ ಜಾತಿಯದು. ಸೂತ್ರಕಾರರು ಬೆಳಕನ್ನು ಪೌದ್ಗಲಿಕವೆಂದು ಹೇಳಿದುದು ಷಡ್ದ್ರವ್ಯಗಳ ವಿವೇಚನೆಯಲ್ಲಿ, ತಮ್ಮದೇ ಆದ ಕಾರಣಗಳಿಗಾಗಿ. ಆ ಕಾರಣಗಳನ್ನು ಬಿಟ್ಟು ಫಲಿತವನ್ನು ಮಾತ್ರ ಆಧುನಿಕ ವಿಜ್ಞಾನದೊಂದಿಗೆ ಜೋಡಿಸಿದರೆ, ವಿಜ್ಞಾನದ ಮತವು ಬದಲಾದ ದಿನ ಸೂತ್ರವೂ ಸುಳ್ಳೆನ್ನಿಸುತ್ತದೆ. ಆಗಮಕ್ಕೆ ಅಂತಹ ಆಸರೆಯ ಅಗತ್ಯವಿಲ್ಲ.

ಭಂಡಾರಗಳ ಸೂಚಿಗಳನ್ನು ಸಿದ್ಧಪಡಿಸುವವರ ಪಾತ್ರವು ಇಲ್ಲಿ ದೊಡ್ಡದು. ಋಷಿಯ ಹೆಸರುಳ್ಳ ಶಾಸ್ತ್ರವೊಂದು ಕೈಸೇರಿದಾಗ ಕರ್ತೃವಿನ ಸ್ಥಾನದಲ್ಲಿ ಆ ಹೆಸರನ್ನು ಹಾಗೆಯೇ ಬರೆದುಬಿಟ್ಟರೆ, ಮುಂದಿನ ತಲೆಮಾರಿಗೆ ಸೂಚಿಯೇ ಪ್ರಮಾಣವಾಗುತ್ತದೆ. ‘ಆರೋಪಿತ’ ಎಂಬ ಒಂದು ಪದವನ್ನು ಸೇರಿಸಿದರೆ ಆ ತಪ್ಪು ತಪ್ಪುತ್ತದೆ. ಗರಿಯೋ ಕಾಗದವೋ, ಲಿಪಿ ಯಾವುದು, ಪ್ರತಿಯಾದ ವರ್ಷವೆಷ್ಟು, ಯಾವ ಮಾತೃಕೆಯಿಂದ ಇಳಿಸಿದುದು, ಪುಷ್ಪಿಕೆಯಿದೆಯೋ ಇಲ್ಲವೋ ಎಂಬ ಐದು ವಿವರಗಳು ಗ್ರಂಥದ ವಿಷಯಕ್ಕಿಂತ ಮೊದಲು ದಾಖಲಾಗಬೇಕು. ಬಾಯಿಂದ ಹೇಳಿ ಬರೆಸಿದುದಾದರೆ ಹೇಳಿದವರ, ಬರೆದುಕೊಂಡವರ ಹೆಸರು ಮತ್ತು ವರ್ಷಗಳನ್ನು ಸ್ಪಷ್ಟವಾಗಿ ನಮೂದಿಸಬೇಕು. ಅಂಶುಬೋಧಿನಿಯಂತಹ ಗ್ರಂಥವನ್ನು ಭಂಡಾರದಿಂದ ಹೊರಗೆ ಹಾಕಬೇಕೆಂದು ಇದರ ಅರ್ಥವಲ್ಲ. ೨೦ನೆಯ ಶತಮಾನದ ಆರಂಭದಲ್ಲಿ, ಪಾಶ್ಚಾತ್ಯ ಯಂತ್ರವಿದ್ಯೆಯ ಎದುರು ನಿಂತ ಒಂದು ಸಂಸ್ಕೃತ ಮನಸ್ಸು ಏನನ್ನು ಬಯಸಿತು, ಏನನ್ನು ಕಲ್ಪಿಸಿತು ಎಂಬುದಕ್ಕೆ ಅದು ಒಳ್ಳೆಯ ದಾಖಲ. ಆ ಕಾಲದ ದಾಖಲೆಯಾಗಿ ಅದಕ್ಕೆ ಸ್ಥಾನವಿದೆ. ಭರದ್ವಾಜನ ವಚನವಾಗಿ ಇಲ್ಲ.

ಕರ್ಣಾಟಕದ ಮಠಗಳಲ್ಲಿ, ಬಸದಿಗಳಲ್ಲಿ, ಮನೆಗಳಲ್ಲಿ ಇನ್ನೂ ಪರಿಶೋಧಿತವಾಗದ ಓಲೆಗರಿಯ ಕಟ್ಟುಗಳಿವೆ. ಹುಳು ಮತ್ತು ತೇವಗಳಿಂದ ಅವು ಕ್ಷಯಿಸುತ್ತಿವೆ. ಗೋಮ್ಮಟಸಾರದ ಕೇಶವವರ್ಣಿಯ ಕನ್ನಡ ವೃತ್ತಿಯಂತಹ ಗ್ರಂಥವು ಭಾರತೀಯ ಜ್ಞಾನಪೀಠದಿಂದ ಸಂಪೂರ್ಣವಾಗಿ ಮುದ್ರಿತವಾಗಲು, ಅದು ರಚಿತವಾಗಿ ಆರು ಶತಮಾನಗಳು ಕಳೆದು, ೧೯೭೮ರಿಂದ ೧೯೮೧ರವರೆಗಿನ ಅವಧಿಯು ಬರಬೇಕಾಯಿತು. ಆತಪವೆಂದರೇನು ಉದ್ಯೋತವೆಂದರೇನು ಎಂಬುದನ್ನು ಕನ್ನಡದಲ್ಲಿಯೇ ವಿವರಿಸಿದ ಆ ವೃತ್ತಿಯನ್ನು ಓದಬಲ್ಲವರ ಸಂಖ್ಯೆ ದಿನದಿನಕ್ಕೆ ಕಡಿಮೆಯಾಗುತ್ತಿದೆ. ಇಲ್ಲದ ಶಾಸ್ತ್ರದ ಕೀರ್ತನೆಗೆ ವ್ಯಯವಾಗುವ ಶ್ರಮದ ಒಂದು ಭಾಗವು ಇರುವ ಶಾಸ್ತ್ರದ ಪಠನಕ್ಕೆ ಸಂದರೆ, ಬೆಳಕಿನ ವಿಷಯದಲ್ಲಿ ಪೂರ್ವಾಚಾರ್ಯರು ನಿಜವಾಗಿ ಏನನ್ನು ಹೇಳಿದ್ದರೆಂಬುದು ತಿಳಿಯುವಂತಾದೀತು.